ಚಳಿಕಿರುಬ ಸಾಕಿದ ಗಂಗುಲಪ್ಪ

ಮೇ ತಿಂಗಳ ಬಿಸಿಲಿಗೆ ಶ್ರೀನಿವಾಸಪುರದ ಮಾವಿನ ಮಂಡಿಯಲ್ಲಿ ಕೂಲಿಯವನಿಂದ ಹಿಡಿದು ದಲ್ಲಾಳಿಯವರೆಗೆ ಎಲ್ಲರೂ ಒದ್ದೆ ಟವಲು ತಲೆಗೆ ಸುತ್ತಿ ನೆರಳು ಹುಡುಕುವ ಹೊತ್ತಿನಲ್ಲಿ, ಮೊಣಕಾಲು ಮುಟ್ಟುವ ಉಣ್ಣೆಯ ಕೋಟು ತೊಟ್ಟು, ಕಿವಿ ಮುಚ್ಚುವ ಮಂಕಿ ಕ್ಯಾಪು ಹಾಕಿ, ಹೆಜ್ಜೆ ಎತ್ತದೆ ನೆಲವನ್ನು ಸವರುತ್ತಾ ಸಾಗುವ ಮನುಷ್ಯನೊಬ್ಬ ಕಂಡರೆ ಹುಚ್ಚನೆಂದು ತಿಳಿಯಬೇಡಿ. ಅವನು ಯಲ್ದೂರು ರಸ್ತೆಯ ಮಾವಿನ ತಿರುಳಿನ ಫ್ಯಾಕ್ಟರಿಯಲ್ಲಿ ಶೈತ್ಯಾಗಾರದ ಬಾಗಿಲು ಕಾಯುವ ಗಂಗುಲಪ್ಪ. ಆ ಕೋಟಿನ ತೋಳು ಅವನ ಬೆರಳ ತುದಿಗಿಂತ ನಾಲ್ಕಂಗುಲ ಉದ್ದ. ಮಡಿಸಿ ಹೊಲಿಸಿಕೊಳ್ಳೋ ಎಂದು ಯಾರೆಷ್ಟು ಹೇಳಿದರೂ ಹೊಲಿಸಲಿಲ್ಲ. ಮಂಜಿನ ನೆಲದ ಮೇಲೆ ನಡೆದೂ ನಡೆದೂ ಕಾಲಿಗೆ ಆ ಜಾರುನಡಿಗೆ ಅಂಟಿಬಿಟ್ಟಿತ್ತು. ತನ್ನ ಮಗಳ ಮದುವೆಯ ಚಪ್ಪರದಲ್ಲೂ ಹಾಗೇ ನಡೆದನಂತೆ.

ಆ ಬಾಗಿಲಿನ ಆಚೆ, ಸೊನ್ನೆಗಿಂತ ಹದಿನೆಂಟು ಡಿಗ್ರಿ ಕೆಳಗೆ, ಬೇರೊಂದು ಲೋಕವೇ ಇದೆಯೆಂಬುದು ಅವನ ಸಿದ್ಧಾಂತ. "ಆ ದೇಶ್ದಾಗೆ ಸೂರ್ಯ ಅನ್ನೋನು ಮಾವಿನ ಮಿಡಿ ಇದ್ದಂಗೆ. ಮೇಲೆ ತೂಗಾಡ್ತಾನೆ, ಹಣ್ಣಾಗಲ್ಲ" ಎನ್ನುತ್ತಿದ್ದ. ಅಲ್ಲಿ ವಾಸವಾಗಿರುವ ಮೃಗಕ್ಕೆ ಅವನಿಟ್ಟ ಹೆಸರು ಚಳಿಕಿರುಬ. ಅದರ ಮೈ ಉಸಿರಿನ ಹಬೆಯ ಬಣ್ಣ. ಹೊಟ್ಟೆ ಗಾಜಿನಂತೆ ಪಾರದರ್ಶಕ, ತಿಂದವರ ಹೆಸರುಗಳೆಲ್ಲ ಅದರೊಳಗೆ ಅಕ್ಷರವಾಗಿ ತೇಲುತ್ತವೆ. ಹುಲಿಯಂತೆ ಅದು ಗರ್ಜಿಸುವುದಿಲ್ಲ, ತೋಳದಂತೆ ಅಟ್ಟಿಸಿಕೊಂಡು ಬರುವುದಿಲ್ಲ. ಬಂದು ಪಕ್ಕದಲ್ಲಿ ಕೂರುತ್ತದೆ. ಮೊದಲು ಬೆರಳು ನೆಕ್ಕುತ್ತದೆ, ಆಮೇಲೆ ನಾಲಗೆ ಕಟ್ಟುತ್ತದೆ, ಕೊನೆಗೆ ಅಮ್ಮನ ಒಲೆಯ ಮುಂದೆ ಕುಳಿತಷ್ಟು ಬೆಚ್ಚಗೆ ಮಾಡುತ್ತದೆ. ಬೆಚ್ಚಗಾಯಿತೆಂದು ಮನುಷ್ಯ ತಾನಾಗಿಯೇ ಕೋಟು ಬಿಚ್ಚುತ್ತಾನೆ. ಅಲ್ಲಿಗೆ ಬೇಟೆ ಮುಗಿಯಿತು, ಹಲ್ಲೂ ಬೇಡ, ಉಗುರೂ ಬೇಡ. ನಗುವವರು ನಗಲಿ, ಒಂದು ಗಳಿಗೆ ಒಳಗೆ ನಿಂತು ಬಂದು ಆಮೇಲೆ ನಗಲಿ.

ಅದಕ್ಕೊಂದೇ ಬಲಹೀನತೆ. ಯಾರ ಹೆಸರನ್ನಾದರೂ ಅವರದೇ ದನಿಯಲ್ಲಿ ಕೂಗಬಲ್ಲ ಚಳಿಕಿರುಬ, ಒಲೆ ಕಾಣದ ಪ್ರಾಣಿಯಾದ್ದರಿಂದ, ಅಡುಗೆಯ ಹೆಸರು ಹೇಳಲಾರದು. ಆದ್ದರಿಂದ ಬಾಗಿಲು ಹಾಕುವ ಮುನ್ನ ಗಂಗುಲಪ್ಪ "ಎವುರುನ್ನಾರು ಲೋಪಲ?" ಎಂದು ಕತ್ತಲಿಗೆ ತೆಲುಗಿನಲ್ಲಿ ಮೂರು ಸಲ ಕೂಗಿ ಒಳಗೆ ಯಾರಿದ್ದೀರೆಂದು ಕೇಳುತ್ತಿದ್ದ. ಆಮೇಲೆ ಹೊರಗೆ ಬಂದವರು ಸಾಲಾಗಿ ನಿಂತು, ಬೆಳಗ್ಗೆ ತಾವೇನು ತಿಂದೆವೆಂದು ಒಬ್ಬೊಬ್ಬರೇ ಹೇಳಬೇಕು. ಒಳಗೆ ಕೆಲಸ ಮಾಡುವ ಏಳು ಜನರ ಏಳು ಊಟ ಕೇಳಿದ ಮೇಲೆಯೇ ಬಾಗಿಲು. "ಮುದ್ದೆ ಉಪ್ಸಾರು, ನೆನ್ನೇದೇ" ಎಂದು ದಿನವೂ ಕೊನೆಗೆ ಹೇಳುವವಳು ಹುತ್ತೂರು ಕಡೆಯಿಂದ ಬರುವ ಮುನಿಲಕ್ಷ್ಮಿ. "ನಿಮ್ಮನೇಲಿ ಇವತ್ತು ಅನ್ನೋದೇ ಇಲ್ವೇನಮ್ಮಾ?" ಎಂದು ಗಂಗುಲಪ್ಪ ಗದರುವುದೂ ದಿನದ ಮಾತೇ.

ಈ ಪದ್ಧತಿ ಮಾಲೂರಿನಿಂದ ಹೊಸದಾಗಿ ಬಂದ ಸೂಪರ್‌ವೈಸರ್ ನಂದಕುಮಾರನಿಗೆ ಹಿಡಿಸಲಿಲ್ಲ. ಬಾಗಿಲಿನ ರಬ್ಬರು ಪಟ್ಟಿ ತರಲು ಗಂಗುಲಪ್ಪ ಕೋಲಾರಕ್ಕೆ ಹೋದ ಒಂದು ಬೆಳಗ್ಗೆ, ಗೇಟಿನಾಚೆ ಲಾರಿಗಳು ಸಾಲುಗಟ್ಟಿ ನಿಂತಿರಲು, ಅವನು ಸರಸರನೆ ತಲೆ ಎಣಿಸಿ, ಏಳು ಸರಿಹೋಯಿತೆಂದು ಬಾಗಿಲು ಹಾಕಿಸಿದ.

ಗಂಗುಲಪ್ಪ ಹಿಂತಿರುಗುವ ಹೊತ್ತಿಗೆ ಬಾಗಿಲು ಹಾಕಿ ಗಂಟೆ ಕಳೆದಿತ್ತು. ಎಲ್ಲರೂ ಹೊಂಗೆಮರದಡಿ ಟೀ ಕುಡಿಯುತ್ತಿದ್ದರು.

"ಊಟ ಕೇಳಿದ್ರಾ ಸಾರ್?"

"ತಲೆ ಎಣಿಸಿದೀನಿ ಗಂಗುಲಪ್ಪನವ್ರೇ. ಏಳು. ಎಣಿಸೋಕೂ ಬರಲ್ವಾ ನಮಗೆ?"

"ತಲೆ ಯಾರು ಕೇಳಿದ್ರು ನಿಮ್ಮನ್ನ! ಹೇಳ್ರೋ, ಏನೇನ್ ತಿಂದ್ರಿ?"

ಚಿತ್ರಾನ್ನ, ಮಸ್ಸೊಪ್ಪು, ಇಡ್ಲಿ, ತಂಗಳನ್ನ, ದೋಸೆ, ಮತ್ತೊಂದು ಚಿತ್ರಾನ್ನ. ಏಳನೆಯವನು ಲೋಟ ಕೆಳಗಿಟ್ಟು ತಲೆ ಕೆರೆದುಕೊಂಡ. "ನಾನು ಲಾರಿ ಡ್ರೈವರು ವೆಂಕಟ್ ಕಣಣ್ಣ. ತಣ್ಣಗಿರ್ತದಲ್ಲ ಅಂತ ಬಾಗಿಲ ತಾವ ನಿಂತಿದ್ದೆ, ಸಾರ್ ನನ್ನೂ ಎಣಿಸ್ಬಿಟ್ರು."

ಉಪ್ಸಾರು ಇರಲಿಲ್ಲ.

ಜೀವಮಾನದಲ್ಲಿ ಮೊದಲ ಸಲ ಗಂಗುಲಪ್ಪ ಹೆಜ್ಜೆ ಎತ್ತಿ ಓಡಿದ. ಬಾಗಿಲು ಎಳೆದು ನೋಡಿದರೆ ಅದರ ಒಳಹಿಡಿ ಮಂಜು ಕಟ್ಟಿ ಬಿಗಿದುಹೋಗಿತ್ತು. ಹಿಂದಿನ ಡ್ರಮ್ಮುಗಳ ಸಂದಿಯಲ್ಲಿ ಮುನಿಲಕ್ಷ್ಮಿ ಕುಳಿತಿದ್ದಳು; ಕೋಟಿನ ಗುಂಡಿಗಳು ಬಿಚ್ಚಿದ್ದವು, ಮುಖದಲ್ಲಿ ನಗುವಿತ್ತು.

"ಬಾಗ್ಲು ಹಾಕ್ಕೊ ಗಂಗುಲಣ್ಣ... ಬೆಚ್ಚಗೈತೆ."

"ಬೆಚ್ಚಗೈತಾ? ಬಾಯ್ಮುಚ್ಚೇ! ಬೆಳಗ್ಗೆ ಏನ್ ತಿಂದೆ ಹೇಳು!" ಎಂದು ಬೈಯುತ್ತಲೇ ಅವಳನ್ನು ಹೊತ್ತು ಹೊರಗೆ ತಂದ. ತನ್ನ ಕೋಟು ಬಿಚ್ಚಿ ಸುತ್ತಿದ. "ಮು..." ಎಂದಳು. "ಮುದ್ದೆಗೇನೇ? ಬರೀ ಮುದ್ದೆ ನುಂಗಿದ್ಯಾ? ಮಾತಾಡೇ!" ಬಹಳ ಹೊತ್ತಿನ ಮೇಲೆ ಅವಳ ಹಲ್ಲು ಕಟಕಟಿಸತೊಡಗಿದವು. "ಉಪ್ಸಾರು," ಎಂದಳು. "ನೆನ್ನೇದೇ."

ಗಂಗುಲಪ್ಪ ಅವಳ ಪಕ್ಕ ಬಿಸಿಲಲ್ಲೇ ಕೂತ.

ಮುನಿಲಕ್ಷ್ಮಿಯನ್ನು ಜೀಪಿನಲ್ಲಿ ಆಸ್ಪತ್ರೆಗೆ ಸಾಗಿಸಿ ಬಂದ ನಂದಕುಮಾರ ತಗ್ಗಿದ ದನಿಯಲ್ಲಿ ಕೇಳಿದ: "ಅದು... ನಿಜವಾಗ್ಲೂ ಇದೆಯೇನ್ರೀ?"

"ಆ ಕೋಟು ನಂದಲ್ಲ ಸಾರ್. ಬೈರಕೂರಿನ ಶ್ರೀರಾಮಪ್ಪಂದು. ಹಿಂದೆ ನಾನು ಬೇರೆ ಕಡೆ ಕೋಲ್ಡ್ ಸ್ಟೋರೇಜ್ ಕೆಲಸದಾಗಿದ್ದೆ, ಅಲ್ಲಿ ಜೊತೇಲಿದ್ದೋನು. ಒಳಗೆ ಹೆಣವಾಗಿ ಸಿಕ್ಕಾಗ ಮಡಿಸಿ ಪಕ್ಕದಾಗೆ ಇಟ್ಟಿದ್ದ, ಒಗೆದ ಬಟ್ಟೆ ಮಡಿಸಿದಂಗೆ. ಅವತ್ತು ತಲೆ ಎಣಿಸಿದ್ದು ನಾನು."

ಮರುದಿನ ಸಾಲಿನ ತುದಿಯಲ್ಲಿ, ಯಾರೂ ಕೇಳದೆಯೇ, ನಂದಕುಮಾರ "ಉಪ್ಪಿಟ್ಟು" ಎಂದ. "ಅದೂ ಒಂದು ತಿಂಡೀನಾ ಸಾರ್?" ಎಂದು ಗಂಗುಲಪ್ಪ ಬಾಗಿಲು ಎಳೆದ.

ಮೃಗವನ್ನು ಕೊಂದು ಹೆಸರಾದವರಿಗೆ ಊರೂರಲ್ಲಿ ವೀರಗಲ್ಲುಗಳಿವೆ. ಗಂಗುಲಪ್ಪನಂಥವರಿಗೆ ಕಲ್ಲಿಲ್ಲ. ತಾವು ಮಾಡಿದ ಒಂದು ತಪ್ಪಿಗೆ ಕೋರೆ ಮೂಡಿಸಿ, ಹೆಸರಿಟ್ಟು, ತಮ್ಮ ನೆಮ್ಮದಿಯನ್ನೇ ಮೇವಾಗಿ ಹಾಕಿ ದಿನದಿನವೂ ಸಾಕುವವರು ಇವರು. ಅದು ಮುಪ್ಪಾಗದಂತೆ, ಸಾಯದಂತೆ ಕಾಯುತ್ತಾರೆ. ಅದು ಬದುಕಿರುವಷ್ಟು ಕಾಲ ಮಿಕ್ಕವರು ಸಂಜೆ ಮನೆಗೆ ಹೋಗಿ ಮುದ್ದೆ ಉಣ್ಣುತ್ತಾರೆ.