ಗೇಟಿನಿಂದ ಒಳಕ್ಕೆ

ಬೇಸಿಗೆಯ ಕೊನೆ. ಬೆಳಿಗ್ಗೆ ಹತ್ತೂವರೆಗೇ ಮಾಡಿನ ತಗಡು ಕಾದು ಟಿಕ್ ಟಿಕ್ ಎನ್ನುತ್ತಿತ್ತು. ಬಾಗಿಲಲ್ಲಿ ಯಾರೋ ಚಪ್ಪಲಿ ಬಿಡುವ ಸದ್ದು ಕೇಳಿದ್ದೇ ತಡ, ಪೈಪು ಮೇಸ್ತ್ರಿಯ ಹೆಂಡತಿ ಗಂಡನ ಮುಂದಿದ್ದ ತಟ್ಟೆಯನ್ನು ಅರ್ಧ ಸುತ್ತು ತಿರುಗಿಸಿಟ್ಟಳು. ಅದುವರೆಗೆ ಬಲಗಡೆಯದು ಬಳಿದು ತೊಳೆದಂತೆ ಖಾಲಿಯಾಗಿತ್ತು. ಎಡಗಡೆ ಬಡಿಸಿದ್ದು ಬಡಿಸಿದ ಹಾಗೇ ಇತ್ತು.

"ಇದೆಲ್ಲಿತ್ತೇ? ಮುಗೀತು ಅಂತ ಕೈ ತೊಳೆಯೋಕೆ ಹೊರಟಿದ್ದೆ" ಎಂದರು ಮೇಸ್ತ್ರಿ.

"ಈಗ ಹಾಕ್ದೆ. ಬೇಗ ತಿನ್ನಿ, ಕಾರ್ಖಾನೆಯವರು ಬಂದ್ರು."

ಮೇಸ್ತ್ರಿಗೆ ಹೀಗಾಗಿ ಮೂರು ತಿಂಗಳಾಗಿತ್ತು. ಒಂದು ಬೆಳಿಗ್ಗೆ ಬಚ್ಚಲಿಗೆ ಹೋದವರು ಗೋಡೆ ಹಿಡಿದುಕೊಂಡೇ ಕುಸಿದಿದ್ದರು. ಮಾತು ನಾಲ್ಕೇ ದಿನಕ್ಕೆ ಮರಳಿತು, ಎಡಗಾಲು ಕೋಲಿನ ಆಸರೆಯಲ್ಲಿ ನಡೆಯುವಷ್ಟಾಯಿತು. ಉಳಿದದ್ದು ಈ ಒಂದು ವಿಚಿತ್ರ. ಗಡ್ಡ ಹೆರೆದುಕೊಂಡರೆ ಬಲಗೆನ್ನೆ ಮಾತ್ರ ನುಣುಪು. ಅಂಗಿಯ ಬಲತೋಳು ತೊಟ್ಟು, ಎಡತೋಳನ್ನು ಬೆನ್ನ ಹಿಂದೆ ನೇತಾಡಲು ಬಿಟ್ಟು ಹೊರಟುಬಿಡುವರು. ಡಾಕ್ಟರು ಮುಖದ ಮುಂದೆ ಬೆರಳಾಡಿಸಿ ನೋಡಿ, "ಕಣ್ಣು ಚೆನ್ನಾಗೇ ಇದೆಯಮ್ಮ. ಎಡಗಡೆ ಅಂತ ಒಂದಿದೆ ಅನ್ನೋದನ್ನೇ ಮಿದುಳು ಬಿಟ್ಟುಬಿಟ್ಟಿದೆ. ನಿಧಾನಕ್ಕೆ ಸರಿಹೋಗಬಹುದು" ಎಂದಿದ್ದರು. ಚೆನ್ನಾಗಿರುವ ಕಣ್ಣಿಗೆ ಕಾಣದಿರುವುದು ಹೇಗೆಂದು ಆಕೆಗೆ ಬಗೆಹರಿಯಲಿಲ್ಲ. ಎಡಗಣ್ಣು ಮಂಜಾಗಿದೆ, ಅಷ್ಟೇ ಎಂದುಕೊಂಡಳು. ಹಾಗೆಂದುಕೊಂಡರೆ ದಿನ ತಳ್ಳುವುದು ಸುಲಭವಾಗಿತ್ತು. ತಟ್ಟೆ ತಿರುಗಿಸಬೇಕು, ತೋಳು ತೊಡಿಸಬೇಕು, ನಾಲ್ಕು ಜನರ ಮುಂದೆ ತುಟಿ ಬಿಚ್ಚಬಾರದು.

ಈ ಮಾತನ್ನು ಆಕೆ ಹೇಳಿದ್ದು ತನ್ನ ತಮ್ಮನ ಮುಂದೆ ಮಾತ್ರ. ತಮ್ಮನೂ ಅವನ ಹೆಂಡತಿಯೂ ಅದೇ ಮನೆಯ ಹಿಂದಿನ ಕೋಣೆಯಲ್ಲಿದ್ದರು. ಅವನು ಮೇಸ್ತ್ರಿ ದುಡಿದಿದ್ದ, ಬಟ್ಟೆಗೆ ಬಣ್ಣ ಹಾಕುವ ಕಾರ್ಖಾನೆಯಲ್ಲೇ ಅಗೆಯುವ, ಪೈಪು ಹೂಳುವ ಕೆಲಸದವನು. ಯಾವ ಬಾಗಿಲಲ್ಲೂ ತಲೆ ತಗ್ಗಿಸದೆ ನುಗ್ಗಲಾಗದ ಆಳು, ಹಾಗಾಗಿ ಎಲ್ಲರ ಬಾಯಲ್ಲೂ ಉದ್ದಣ್ಣ.

"ಭಾವನ್ನ ಕೇಳೋಕೆ ನಾಳೆ ಸೂಪರ್‌ವೈಸರ್ ಬರ್ತಾರಂತೆ ಅಕ್ಕ. ಹೊಸ ನೀರಿನ ಲೈನು ಎಳೀಬೇಕು. ಹಳೇದೆಲ್ಲ ಎಲ್ಲೆಲ್ಲಿದೆ ಅಂತ ಕಾರ್ಖಾನೇಲಿ ಒಬ್ಬನಿಗೂ ಗೊತ್ತಿಲ್ಲ" ಎಂದಿದ್ದ ಹಿಂದಿನ ಸಂಜೆ.

"ಅವರಿಗೆ ಎಡಗಡೆ ಕಾಣಲ್ಲ ಕಣೋ."

"ಕಣ್ಣು ಮುಚ್ಚಿಕೊಂಡೇ ತಾನೇ ಭಾವ ಹೇಳೋದು? ಮುಚ್ಚಿದ ಕಣ್ಣಿಗೆ ಎಡ ಏನು, ಬಲ ಏನು? ಒಳ್ಳೇ ಚೆನ್ನಾಗಿದೆ ನಿನ್ನ ಮಾತು."

ಅವನ ಹೆಂಡತಿ ನಕ್ಕಳು. ಆಕೆಯೂ ನಕ್ಕಳು. ಹೌದಲ್ಲ, ಕಣ್ಣಿಗೆ ಬಂದದ್ದು ಕಣ್ಣಿಗೆ. ನೆನಪಿಗೇನು ಪೊರೆ ಬರುತ್ತದೆಯೇ?

ಮೇಸ್ತ್ರಿ ಮೂವತ್ತೊಂದು ವರ್ಷ ಆ ಕಾರ್ಖಾನೆಯ ನೆಲದೊಳಗೆ ಪೈಪು ಹೂಳಿದವರು. ನಕ್ಷೆ ಬರೆದವರಲ್ಲ. ಬರೆಯಿರಿ ಎಂದವರಿಗೆ, "ಕಾಗದ ನೆನೆದ್ರೆ ಹೋಯ್ತು. ತಲೆ ನೆನೆದ್ರೆ ಒರೆಸ್ಕೊಂಡ್ರಾಯ್ತು" ಎನ್ನುತ್ತಿದ್ದರು. ಏನಾದರೂ ಒಡೆದರೆ, ಸೋರಿದರೆ ಜನ ಓಡಿಬರುವುದು ಅವರ ಹತ್ತಿರ. ಅವರು ಕಣ್ಣು ಮುಚ್ಚುವರು, ಮನಸ್ಸಿನಲ್ಲಿ ಗೇಟಿನ ಹತ್ತಿರ ಹೋಗಿ ನಿಲ್ಲುವರು, ಅಲ್ಲಿಂದ ಒಳಕ್ಕೆ ಹೆಜ್ಜೆ ಎಣಿಸುತ್ತ ನಡೆಯುವರು. ಬೇರೆಲ್ಲಿಂದಲೂ ಶುರುಮಾಡಿದವರಲ್ಲ. ಬಾವಿಯ ಹತ್ತಿರ ಏನಾದರೂ ಕೇಳಿದರೂ ಗೇಟಿನಿಂದಲೇ ಬರಬೇಕು. "ಒಳಗೆ ಬರೋಕೆ ಇರೋದು ಒಂದೇ ದಾರಿ" ಎನ್ನುವರು. ಅವರು ಹೇಳಿದ ಕಡೆ ಗುದ್ದಲಿ ಹಾಕಿದರೆ ಒಂದು ಗೇಣು ಆಚೀಚೆ ಆದದ್ದಿಲ್ಲ.

ಸೂಪರ್‌ವೈಸರ್ ಹೊಸಬ, ಬಂದು ವರ್ಷವಾಗಿರಲಿಲ್ಲ. ಜೊತೆಗೆ ಬರೆದುಕೊಳ್ಳಲು ಒಬ್ಬ ಗುಮಾಸ್ತ. ಉದ್ದಣ್ಣ ಬಾಗಿಲ ಚೌಕಟ್ಟಿಗೆ ಒರಗಿ ನಿಂತ. ಮೇಸ್ತ್ರಿಯ ಹೆಂಡತಿ ಸೆರಗಿನಿಂದ ಗಂಡನ ಎಡಗೆನ್ನೆಯ ಅಗುಳು ಒರೆಸಿ, ಒಳಬಾಗಿಲಲ್ಲಿ ಕೂತಳು.

"ಗೇಟಿಂದ ಬಾಯ್ಲರ್‌ವರೆಗೆ ಒಂದು ಲೈನು, ಮೇಸ್ತ್ರಿ. ಎಲ್ಲಿ ಖಾಲಿ ಇದೆ ಹೇಳಿ, ಅಲ್ಲೇ ಅಗೆಸ್ತೀನಿ" ಎಂದ ಸೂಪರ್‌ವೈಸರ್.

ಮೇಸ್ತ್ರಿ ಕಣ್ಣು ಮುಚ್ಚಿದರು. ಮೊದಲು ಉಸಿರು ನಿಧಾನವಾಯಿತು, ಆಮೇಲೆ ಬಲಗಾಲಿನ ಹೆಬ್ಬೆರಳು ನೆಲವನ್ನು ಒತ್ತತೊಡಗಿತು.

"ಗೇಟು. ಹದಿನಾಲ್ಕು ಹೆಜ್ಜೆ, ತೂಕದ ಕೋಣೆ. ಅದರ ಗೋಡೆಗೆ ಅಂಟಿಕೊಂಡು ಕುಡಿಯೋ ನೀರಿನ ಪೈಪು, ಮೊಣಕಾಲಾಳ. ಮುಂದೆ ಇಪ್ಪತ್ತೆರಡು, ಬಣ್ಣದ ಉಗ್ರಾಣ. ಅಲ್ಲಿ ನೀರಿನ ಪೈಪು ಕೆಳಗಿಳಿಯುತ್ತೆ, ಮೇಲೊಂದು ಗಾರೆ ಚಪ್ಪಡಿ ಹಾಕಿದೀನಿ. ಚಪ್ಪಡಿ ಮೂಲೆ ಒಡೆದಿದೆ, ಅದು ನನ್ನದಲ್ಲ, ಲಾರಿಯವನದು. ಮುಂದೆ ತೊಟ್ಟಿಮನೆ, ಬಟ್ಟೆ ಅದ್ದೋ ತೊಟ್ಟಿಗಳಿರೋದು. ಆವಿ ಪೈಪು ಬಾಯ್ಲರಿಂದ ಬಂದು ಅಲ್ಲಿಗೆ ಸೇರುತ್ತೆ, ಸೊಂಟದಾಳ, ಸುತ್ತ ಇಟ್ಟಿಗೆ..."

ಒಂದೂ ತೊದಲಿಲ್ಲ. ಹಳೆಯ ದನಿ, ಹಳೆಯ ಲೆಕ್ಕ. ಮೂರು ತಿಂಗಳಿನಿಂದ ಮಗುವಿಗೆ ತೊಡಿಸಿದ ಹಾಗೆ ಅಂಗಿ ತೊಡಿಸುತ್ತಿದ್ದ ಗಂಡ ಅಲ್ಲಿ ಮತ್ತೆ ಮೇಸ್ತ್ರಿಯಾಗಿ ಕೂತಿದ್ದರು. ಗುಮಾಸ್ತನ ಪೆನ್ನು ಅವರನ್ನು ಹಿಂಬಾಲಿಸಲು ಒದ್ದಾಡುತ್ತಿತ್ತು.

"ಎಡಗಡೆ?" ಎಂದು ಕೇಳಿದ ಗುಮಾಸ್ತ, ತಲೆಯೆತ್ತದೆ.

"ಎಡಗಡೆ ಏನಿದೆ? ಬರೀ ಮಣ್ಣು."

ಆಕೆಯ ಮನಸ್ಸಿನಲ್ಲಿ ಏನೋ ಮಿಸುಕಾಡಿತು. ಮದುವೆಯಾದ ಹೊಸತರಲ್ಲಿ ಆಕೆ ಬುತ್ತಿ ತೆಗೆದುಕೊಂಡು ಹೋಗುತ್ತಿದ್ದ ಕಾಲಕ್ಕೆ ಗೇಟಿನ ಎಡಕ್ಕೆ ಬಟ್ಟೆ ಒಣಗಿಸುವ ಉದ್ದನೆಯ ಕೊಟ್ಟಿಗೆಯೊಂದಿತ್ತು. ಒಂದು ತಿಂಗಳು ಇವರು ಅಲ್ಲೇ ಗುಂಡಿಯೊಳಗಿದ್ದರು. ಅದರ ಮಾತೇ ಬರಲಿಲ್ಲವಲ್ಲ? ಕೊಟ್ಟಿಗೆ ಕೆಡವಿ ಎಷ್ಟೋ ಕಾಲವಾಯಿತು, ಅದಕ್ಕೇ ಇರಬೇಕು ಎಂದುಕೊಂಡಳು. ಗಂಡ ಹೀಗೆ ಮಾತಾಡುತ್ತಿರುವಾಗ, ಹೊರಗಿನವರ ಮುಂದೆ, ಹೆಂಗಸು ನಡುವೆ ಬಾಯಿ ಹಾಕುವುದೇ? ನಾಲಿಗೆಯ ತುದಿಗೆ ಬಂದದ್ದನ್ನು ನುಂಗಿದಳು.

"ಹಾಗಾದ್ರೆ ಎಡಗಡೆಗೇ ಎಳೆದುಬಿಡೋಣ" ಎಂದ ಸೂಪರ್‌ವೈಸರ್.

ಅವನು ಎಚ್ಚರದ ಮನುಷ್ಯ. ಕೆಲಸಕ್ಕೆ ಮುಂಚೆ ಎರಡು ಕಡೆ ಪರೀಕ್ಷೆಗೆಂದು ಅಗೆಸಿದ, ಉಗ್ರಾಣದ ಹತ್ತಿರ ಒಂದು ಕಡೆ, ತೊಟ್ಟಿಮನೆಯ ಹತ್ತಿರ ಒಂದು ಕಡೆ. ಎರಡೂ ಕಡೆ ಮೇಸ್ತ್ರಿ ಹೇಳಿದ ಆಳಕ್ಕೇ ಪೈಪು ಸಿಕ್ಕಿತು. ಚಪ್ಪಡಿಯ ಒಡೆದ ಮೂಲೆ ಕೂಡ ಸಿಕ್ಕಿತು. ಎರಡೂ ಬಲಗಡೆಯವು ಎಂಬುದು ಯಾರ ತಲೆಗೂ ಹೊಳೆಯಲಿಲ್ಲ. ಹೇಳಿದ್ದನ್ನು ಪರೀಕ್ಷಿಸಬಹುದು, ಹೇಳದೆ ಬಿಟ್ಟದ್ದನ್ನು ಎಲ್ಲಿ ಹುಡುಕುವುದು? ಉದ್ದಣ್ಣ ಆ ಸಂಜೆ ಭಾವನ ಕಾಲು ಹಿಡಿದು, "ನೀವು ಮನುಷ್ಯರಲ್ಲ ಭಾವ, ಹೆಗ್ಗಣ. ನೆಲದೊಳಗೇ ಸಂಸಾರ ಮಾಡಿದೀರಿ" ಎಂದು ನಗಿಸಿದ.

"ನಿನ್ನಕ್ಕನ್ನ ಹೆಗ್ಗಣಕ್ಕೆ ಕೊಟ್ರು ಅಂತ ಈಗ ಗೊತ್ತಾಯ್ತೇನೋ" ಎಂದರು ಮೇಸ್ತ್ರಿ. ಆ ಮನೆಯಲ್ಲಿ ಎಲ್ಲರೂ ಕೂಡಿ ನಕ್ಕದ್ದು ಅದೇ ಕೊನೆ.

ಮೂರನೆಯ ದಿನ ಮಧ್ಯಾಹ್ನ ಉದ್ದಣ್ಣ ಎದೆಮಟ್ಟದ ಗುಂಡಿಯಲ್ಲಿದ್ದ. ಮೇಲೆ ನಿಂತು ಮಣ್ಣು ಎಳೆಯುತ್ತಿದ್ದವನು ಆಮೇಲೆ ಹೇಳಿದ್ದು ಇಷ್ಟು: "ಮಣ್ಣು ಬೆಚ್ಚಗಿದೆಯಲ್ಲೋ ಅಂದೆ. ಈ ಬಿಸಿಲಿಗೆ ನಿನ್ನ ತಲೇನೂ ಬೆಚ್ಚಗಿದೆ ಅಂದ. ಇನ್ನೊಂದು ಸಲ ಅಂದೆ. ಭಾವ ಹೇಳಿದಾರೆ, ಇಲ್ಲೇನೂ ಇಲ್ಲ ಅಂತ ಹಾರೆ ಎತ್ತಿದ."

ಹಾರೆಯ ಮೊನೆ ಬಡಿದದ್ದು ಆವಿಯ ಹಳೆಯ ಪೈಪಿಗೆ. ಕೊಟ್ಟಿಗೆ ಹೋಗಿದ್ದರೂ ಪೈಪು ಸತ್ತಿರಲಿಲ್ಲ. ಕೊಟ್ಟಿಗೆಯ ಬದಿಯ ಬಾಯಿ ಮುಚ್ಚಿ, ಆವಿ ತುಂಬಿದ್ದನ್ನು ಹಾಗೇ ಬಿಟ್ಟಿದ್ದರು. ತುಕ್ಕು ತಿಂದ ಕಬ್ಬಿಣ ಹಪ್ಪಳದಂತೆ ಮುರಿಯಿತು. ಗುಂಡಿಯಿಂದ ಬಿಳಿಯ ಗೋಡೆಯೊಂದು ಎದ್ದು ನಿಂತಿತು ಎಂದರು ನೋಡಿದವರು. ಆವಿ ನಿಲ್ಲಿಸುವ ವಾಲ್ವು ತಿರುಗಿಸಲು ಬಾಯ್ಲರಿನ ತನಕ ಓಡಬೇಕಿತ್ತು. ಅಷ್ಟು ಹೊತ್ತೂ ಅವನು ಅದರೊಳಗಿದ್ದ.

ಆಸ್ಪತ್ರೆಯಲ್ಲಿ ಮೂರು ದಿನ ಉಸಿರು ಹಿಡಿದುಕೊಂಡಿದ್ದ. ಎರಡನೆಯ ದಿನ ಒಮ್ಮೆ ಮಾತು ಬಂತು. "ಅಕ್ಕ, ಮಂಚ ಸಣ್ಣದಾಯ್ತು ನಂಗೆ" ಎಂದ. ಪಾದಗಳು ಮಂಚದ ಕಂಬಿಯಾಚೆ ಚಾಚಿಕೊಂಡಿದ್ದವು. ಅವಷ್ಟೇ ಬೆಂದಿರಲಿಲ್ಲ, ಬೂಟಿನೊಳಗಿದ್ದವು. ಹೆಂಡತಿ ಆ ಪಾದಗಳನ್ನೇ ಹಿಡಿದುಕೊಂಡು ಕೂತಿದ್ದಳು, ಹಿಡಿಯಲು ಬೇರೆ ಜಾಗವಿರಲಿಲ್ಲ.

ಎಲ್ಲ ಮುಗಿದ ಮೇಲೆ ಗುಮಾಸ್ತ ಬರೆದ ಕಾಗದ ಹಿಡಿದುಕೊಂಡು ಸೂಪರ್‌ವೈಸರ್ ಬಂದ. ಎಡಗಡೆ ಬರೀ ಮಣ್ಣು ಎಂಬ ಸಾಲಿನ ಕೆಳಗೆ ಗೆರೆ ಎಳೆದಿತ್ತು. ಮೇಸ್ತ್ರಿ ಅದನ್ನು ಕೇಳಿ ಕೆಂಡವಾದರು.

"ಏನ್ರೀ ಬರ್ಕೊಂಡಿದೀರಿ? ಎಲ್ಲಾನೂ ಹೇಳಿದೀನಿ. ಒಂದು ತಿಂಗಳು ನಾನೇ ಕೂತು ಹೂತ ಪೈಪನ್ನ ಬಿಟ್ಟುಬಿಡ್ತೀನಾ? ನಾನು ಹೇಳ್ದೆ, ಅವನು ಕೇಳಲಿಲ್ಲ. ಮೊದಲಿಂದಲೂ ದುಡುಕು. ಮೈ ಬೆಳೆದಷ್ಟು ಬುದ್ಧಿ ಬೆಳೀಲಿಲ್ಲ."

ಒಳಗೆ ಉದ್ದಣ್ಣನ ಹೆಂಡತಿ ಇದ್ದಳು, ಗೋಡೆಗೆ ಮುಖಮಾಡಿ ಕೂತಿದ್ದಳು. ಎಲ್ಲ ಕೇಳಿಸುತ್ತಿತ್ತು. ಅಂದಿನಿಂದ ಮೇಸ್ತ್ರಿಗೆ ಅದೇ ಮಾತಾಯಿತು. ಬಂದವರಿಗೆ, ಹೋದವರಿಗೆ, ಯಾರೂ ಇಲ್ಲದಾಗ ಗೋಡೆಗೆ: ನಾನು ಹೇಳಿದ್ದೆ, ಅವನು ಕೇಳಲಿಲ್ಲ. ಸುಳ್ಳು ಹೇಳುವ ಮುಖವಲ್ಲ ಅದು. ಮೂವತ್ತು ವರ್ಷ ನೋಡಿದ ಮುಖ ಆಕೆಗೆ ಗೊತ್ತಿಲ್ಲವೇ? ಅವರು ಹೇಳಿರಲಿಲ್ಲ ಎಂಬುದೂ ಅಷ್ಟೇ ಚೆನ್ನಾಗಿ ಗೊತ್ತು. ಎರಡನ್ನೂ ಒಂದೇ ಎದೆಯಲ್ಲಿ ಇಟ್ಟುಕೊಂಡು ಆಕೆ ನೀರು ತಂದಳು, ಪಾತ್ರೆ ತೊಳೆದಳು, ತಟ್ಟೆ ತಿರುಗಿಸಿದಳು.

ಹಾಗೆ ತಿರುಗಿಸುವಾಗಲೇ, ಒಂದು ಭಾನುವಾರದ ಹಗಲು, ಕೈ ತಟ್ಟೆಯ ಅಂಚಿನ ಮೇಲೆ ನಿಂತಿತು. ತಿರುಗಿಸುವತನಕ ಈ ಅನ್ನ ಇವರ ಪಾಲಿಗೆ ಇಲ್ಲ. ತಿರುಗಿಸಿದ ಕೂಡಲೇ ಇದೆ.

"ರೀ" ಎಂದಳು. "ಕಣ್ಣು ಮುಚ್ಚಿ. ಬಾಯ್ಲರ್ ಹತ್ರ ನಿಂತ್ಕೊಳ್ಳಿ."

"ಬಾಯ್ಲರ್ ಹತ್ರ ಯಾಕೆ? ಗೇಟಿಂದ..."

"ಒಂದ್ಸಲ ನನಗೋಸ್ಕರ. ಬಾಯ್ಲರಿಗೆ ಬೆನ್ನು ಮಾಡಿ ನಿಂತು, ಗೇಟಿನ ಕಡೆ ಬನ್ನಿ. ಏನೇನು ಸಿಗುತ್ತೆ ಹೇಳ್ತಾ ಬನ್ನಿ."

ಅವರು ಗೊಣಗಿದರು. ಆಮೇಲೆ ಕಣ್ಣು ಮುಚ್ಚಿದರು. ಹೆಬ್ಬೆರಳು ನೆಲ ಒತ್ತಿತು.

"ಬಾಯ್ಲರು. ಬಲಕ್ಕೆ ಒಂಬತ್ತು ಹೆಜ್ಜೆ, ಆವಿ ಪೈಪು ನೆಲಕ್ಕಿಳಿಯುತ್ತೆ. ಎದೆಯಾಳ. ಮೂವತ್ತು ಹೆಜ್ಜೆ ನೇರ, ಒಣಗಿಸೋ ಕೊಟ್ಟಿಗೆವರೆಗೂ. ಇದಕ್ಕೆ ಇಟ್ಟಿಗೆ ಕಟ್ಟಲಿಲ್ಲ, ಆಗ ಇಟ್ಟಿಗೆ ಸಿಗ್ತಿರಲಿಲ್ಲ. ಇಲ್ಲಿ ಗುದ್ದಲಿ ಇಡೋ ಮುಂಚೆ ಬಾಯ್ಲರ್ ಆರಿಸಬೇಕು, ಯಾರೇ ಆಗಲಿ. ನೀನು ಬುತ್ತಿ ತಂದು ಮಣ್ಣಿನ ಗುಡ್ಡೆ ಮೇಲೆ ಕೂತ್ಕೊಳ್ತಿದ್ದಲ್ಲ, ಅಲ್ಲೇ..."

ತೂಕದ ಕೋಣೆಯಿಲ್ಲ, ಉಗ್ರಾಣವಿಲ್ಲ, ತೊಟ್ಟಿಮನೆಯಿಲ್ಲ. ಅಂದು ಹೇಳಿದ್ದರಲ್ಲಿ ಒಂದೂ ಇಲ್ಲ. ಗೇಟಿನಿಂದ ಬಂದರೆ ಎಡಕ್ಕಿದ್ದದ್ದು ಈಗ ಬಲಕ್ಕಿತ್ತು. ಗೇಟು ಮುಟ್ಟಿ ಅವರು ಕಣ್ಣು ತೆರೆದರು.

"ನೋಡಿದ್ಯಾ? ಎಲ್ಲಾ ಹೇಳಿದ್ನಲ್ಲ? ಹೀಗೇ ಹೇಳಿದ್ದೆ ಅವನಿಗೂ."

"ಹೂಂ" ಎಂದಳು.

ತಲೆಯೆತ್ತಿದರೆ ಒಳಬಾಗಿಲಲ್ಲಿ ತಮ್ಮನ ಹೆಂಡತಿ ನಿಂತಿದ್ದಳು. ಯಾವಾಗ ಬಂದಳೋ. ಮೇಸ್ತ್ರಿ ನಿದ್ದೆಗೆ ಜಾರಿದರು. ಆಮೇಲೆ ಬಟ್ಟೆ ಒಗೆಯುವ ಕಲ್ಲಿನ ಹತ್ತಿರ ತಮ್ಮನ ಹೆಂಡತಿಯೇ ಕೇಳಿದಳು.

"ಅವತ್ತು ಭಾವ ಇದನ್ನ ಹೇಳಿದ್ರಾ ಅತ್ತಿಗೆ?"

ಹೌದು ಎಂದಿದ್ದರೆ ಸತ್ತವನು ದುಡುಕಿನವನಾಗುತ್ತಿದ್ದ. ಇಲ್ಲ ಎಂದರೆ ಬದುಕಿರುವವರು ಕೊಂದವರಾಗುತ್ತಾರೆ. ನಲ್ಲಿಯಿಂದ ಬಕೆಟ್ಟಿಗೆ ನೀರು ಬೀಳುತ್ತಿತ್ತು. ಆಕೆ ನಲ್ಲಿ ನಿಲ್ಲಿಸಿದಳು.

"ಇಲ್ಲಮ್ಮ. ಅವರು ಹೇಳಲಿಲ್ಲ. ಅವನು ದುಡುಕಲಿಲ್ಲ. ಇವರಿಗೆ ಆ ಕಡೆ ಇರಲೇ ಇಲ್ಲ, ತಲೆಯೊಳಗೂ ಇರಲಿಲ್ಲ. ಕಣ್ಣಿಗೆ ಮಾತ್ರ ಅಂದ್ಕೊಂಡೆ ನಾನು."

"ನೀವು ಅಲ್ಲೇ ಕೂತಿದ್ರಿ."

"ಕೂತಿದ್ದೆ. ಕೊಟ್ಟಿಗೆ ನೆನಪಿಗೆ ಬಂತು. ಕೇಳೋಣ ಅಂತ ಬಾಯಿವರೆಗೂ ಬಂತು."

"ಯಾಕೆ ಕೇಳಲಿಲ್ಲ?"

ಅವರ ಮರ್ಯಾದೆ ಎನ್ನಬೇಕೋ, ತನ್ನ ಬಿಂಕ ಎನ್ನಬೇಕೋ ಆಕೆಗೆ ತಿಳಿಯಲಿಲ್ಲ. ತಮ್ಮನ ಹೆಂಡತಿ ಉದ್ದಣ್ಣನ ಅಂಗಿಗಳನ್ನು ಒಂದೊಂದಾಗಿ ಹಿಂಡಿ, ಕೊಡವಿ, ಹಗ್ಗಕ್ಕೆ ಹಾಕಿದಳು. ಅವು ಎಷ್ಟು ಉದ್ದವಿದ್ದವೆಂದರೆ ತುದಿ ನೆಲ ಮುಟ್ಟುತ್ತಿದ್ದವು.

ಸೋಮವಾರ ಮೇಸ್ತ್ರಿಯ ಹೆಂಡತಿಯೇ ಕಾರ್ಖಾನೆಗೆ ಹೋಗಿ, ಉದ್ದಣ್ಣನದು ತಪ್ಪಿಲ್ಲ ಎಂದು ಬರೆಸಿ, ಹೆಬ್ಬೆಟ್ಟು ಒತ್ತಿ ಬಂದಳು. ಅದನ್ನು ಬಂದು ಹೇಳಿದಾಗ ತಮ್ಮನ ಹೆಂಡತಿ ತಲೆಯಾಡಿಸಿದಳು, ಅಷ್ಟೇ. ಮಂಗಳವಾರವೆಲ್ಲ ಹಿಂದಿನ ಕೋಣೆಯಿಂದ ಪಾತ್ರೆ ಪಗಡಿ ಕಟ್ಟುವ ಸದ್ದು ಕೇಳುತ್ತಿತ್ತು.

ಅವಳದು ಒಂದೇ ಕಬ್ಬಿಣದ ಪೆಟ್ಟಿಗೆ, ಎರಡು ಕಡೆ ಹಿಡಿ. ಮೇಸ್ತ್ರಿಯ ಹೆಂಡತಿ ಹೋಗಿ ಒಂದು ಹಿಡಿಗೆ ಕೈ ಹಾಕಿದಳು. ಅವಳು ಬೇಡ ಎನ್ನಲಿಲ್ಲ. ಪೆಟ್ಟಿಗೆಯನ್ನು ತನ್ನ ಕಡೆಗೆ ಎಳೆದು, ಮಂಡಿಯೂರಿ ಎತ್ತಿ, ಒಬ್ಬಳೇ ತಲೆಯ ಮೇಲಿಟ್ಟುಕೊಂಡಳು. ಬಾಗಿಲಲ್ಲಿ ಪೆಟ್ಟಿಗೆ ಮೇಲಿನ ಚೌಕಟ್ಟಿಗೆ ತಗುಲಿತು. ಒಂದು ಹೆಜ್ಜೆ ಹಿಂದೆ ಸರಿದು, ಮೊಣಕಾಲು ಮಡಿಸಿ, ಬಗ್ಗಿ ಆಚೆ ದಾಟಿದಳು. ಬೀದಿಯ ತಿರುವಿನತನಕ ಪೆಟ್ಟಿಗೆಯ ಬೀಗ ಬಡಿದುಕೊಳ್ಳುವುದು ಕೇಳಿಸಿತು. ಅವಳು ತವರಿಗೆ ಹೊರಟುಹೋದದ್ದು ಬುಧವಾರ, ಬಿಸಿಲೇರುವ ಮುಂಚೆ.