ಪೆಟ್ಟಿಗೆಯ ಮೇಲೆ ಕೂತವಳು

"ಏಳೇ ಮುಂಡೆ. ಆ ಪೆಟ್ಗೆ ಮ್ಯಾಲೆ ಕುಂಡಿ ಊರ್ಬ್ಯಾಡ ಅಂತ ಎಷ್ಟ್ ಸಲ ಬಾಯ್ ಬಡ್ಕೋಬೇಕು?"

ಸಿನಿಮಾ ನಿರ್ಮಾಪಕ ಮಾಕ್ ಒದ್ದದ್ದು ಪೆಟ್ಟಿಗೆಗಲ್ಲ, ಕ್ಯಾಮೆರಾ ಸಹಾಯಕಿ ಪುಯಿ-ಹಾಳ ಮೊಣಕಾಲಿಗೆ. ಹಾಂಕಾಂಗಿನ ಆ ಹಳೇ ಕಟ್ಟಡಕ್ಕೆ ಏಳು ಅಂತಸ್ತು, ಲಿಫ್ಟ್ ಇಲ್ಲ. ಮೂವತ್ತು ಕಿಲೋ ಲೆನ್ಸಿನ ಪೆಟ್ಟಿಗೆಯನ್ನು ಬೆನ್ನಿಗೇರಿಸಿ ತಾರಸಿಗೆ ತಂದವಳು ಅವಳೇ.

"ಹೊತ್ಕಂಡ್ ಬರೋವಾಗ ಮೈಲಿಗೆ ಆಗ್ನಿಲ್ವಾ ಧಣಿ?"

"ನಾಲ್ಗೆ ನೋಡ್ರೋ ಇವಳ್ದು. ಹೆಂಗ್ಸು ಕುಂತ ಪೆಟ್ಗೆ ಉದ್ಧಾರ ಆಯ್ತದಾ? ನಿನ್ನೆ ತೆಗ್ದದ್ದೆಲ್ಲ ಮಂಜು ಮಂಜು. ಯಾರ್ ದೆಸೆಯಿಂದ?"

ಛಾಯಾಗ್ರಾಹಕ ಕ್ವೋಕ್ ತನ್ನ ಸಿಗರೇಟಿನ ತುದಿಯನ್ನೇ ನೋಡುತ್ತಿದ್ದ. ನಿನ್ನೆ ನಾಯಕಿಯ ಎದುರು ಜಂಬ ಕೊಚ್ಚಲು ಪುಯಿ-ಹಾಳನ್ನು ಟೀ ತರಲು ಅಟ್ಟಿ, ಫೋಕಸ್ ಮಾಡುವ ಲೆನ್ಸಿನ ಬಳೆಯನ್ನು ತಾನೇ ತಿರುಗಿಸಿದವನು ಅವನು. ಅವನ ಕಣ್ಣಿಗೆ ಪೊರೆ ಬಂದು ಮೂರು ವರ್ಷ. ಅದು ಗೊತ್ತಿದ್ದದ್ದು ಪುಯಿ-ಹಾಳೊಬ್ಬಳಿಗೆ. ಕ್ಯಾಮೆರಾದಿಂದ ನಟರ ಮುಖದವರೆಗೆ ಟೇಪು ಹಿಡಿದು ದೂರ ಅಳೆದು, ಅವರು ಓಡಿದರೆ ಕಣ್ಣಳತೆಯಲ್ಲೇ ಬಳೆ ತಿರುಗಿಸಿ, ಅವನ ಹೆಸರು ಉಳಿಸಿಕೊಂಡು ಬಂದಿದ್ದಳು. ಈ ಚಿತ್ರದಲ್ಲಿ ಕ್ಯಾಮೆರಾ ನಿನಗೇ ಕೊಡಿಸುತ್ತೇನೆ ಎಂದು ಅವನು ಮಾತು ಕೊಟ್ಟಿದ್ದ.

"ನಿನ್ನೆ ಬಳೆ ತಿರುಗ್ಸಿದ್ದು ಯಾರು ಅಂತ ಹೇಳಣ್ಣ. ಅಷ್ಟೇ ಹೇಳು."

ಕ್ವೋಕ್ ಹೊಗೆ ಬಿಟ್ಟ. "ಅಡ್ಡಬಿದ್ಬುಡು ಕಣವ್ವ. ಮುಗ್ದೋಯ್ತದೆ."

ಚಿತ್ರ ಶುರುವಾದ ದಿನ ಮಾಡಿದ್ದ ಪೂಜೆ ದೋಷ ಕಳೆಯಲೆಂದು ಮತ್ತೊಮ್ಮೆ ಆಯಿತು. ಸುಟ್ಟ ಹಂದಿ ಬಂತು. ಕ್ಯಾಮೆರಾಗೆ ಕೆಂಪು ಬಟ್ಟೆ ಹೊದಿಸಿದರು. ಪುಯಿ-ಹಾಳ ಕೈಗೆ ಊದುಕಡ್ಡಿ ಕೊಟ್ಟು, ಪೆಟ್ಟಿಗೆಯ ಮುಂದೆ ಮೂರು ಸಲ ನೆಲಕ್ಕೆ ಹಣೆ ಹಚ್ಚಿಸಿದರು. ತಾರಸಿಯ ಬಿಸಿ ಡಾಂಬರು ಹಣೆಗೆ ಮೆತ್ತಿಕೊಂಡಿತು.

"ಕ್ಯಾಮೆರಾ ಬೇಕಂತೆ ಇವ್ಳಿಗೆ," ಮಾಕ್ ಹಂದಿಯ ಗರಿಗರಿ ಚರ್ಮ ಅಗಿಯುತ್ತ ನಕ್ಕ. "ಸಾಯೋಗಂಟ ಪೆಟ್ಗೆ ಹೊರು, ಹೋಗು."

ಹೊತ್ತು ಜಾರುತ್ತಿತ್ತು. ನಾಯಕ ತಾರಸಿಯ ಆ ತುದಿಯಿಂದ ಕ್ಯಾಮೆರಾದತ್ತ ಓಡಿ ಬರಬೇಕು. ಸೂರ್ಯ ಮುಳುಗುವ ಮುಂಚಿನ ಈ ಕೆಂಪು ಬಿಸಿಲಿನಲ್ಲೇ ಆಗಬೇಕು. ನಾಳೆಯಿಂದ ನಾಯಕ ಸಿಗುವುದಿಲ್ಲ. ಕ್ವೋಕ್ ಕ್ಯಾಮೆರಾಗೆ ಕಣ್ಣಿಟ್ಟು ಪಿಸುಗುಟ್ಟಿದ: "ಎಷ್ಟಡಿ ಅವ್ವ?"

ಪುಯಿ-ಹಾ ಟೇಪಿನ ತುದಿ ಬಿಟ್ಟಳು. ಅದು ಸರ್ರನೆ ಒಳಗೆ ಸುತ್ತಿಕೊಂಡಿತು. ಜೇಬಿಗಿಳಿಸಿದಳು. ಪೆಟ್ಟಿಗೆಯನ್ನು ತಾರಸಿಯ ನಡುಮಧ್ಯಕ್ಕೆ ಎಳೆದು ತಂದು, ಕಾಲು ಅಗಲಿಸಿ ಅದರ ಮೇಲೆ ಕೂತಳು.

"ಎಷ್ಟಡಿ?" ಈ ಸಲ ಎಲ್ಲರಿಗೂ ಕೇಳಿಸಿತು.

"ನಿನ್ ಕಣ್ಣಾಗೇ ನೋಡ್ಕೋ ಅಣ್ಣ."

ಮಾಕ್ ಅವಳವ್ವನನ್ನೂ ಅಜ್ಜಿಯನ್ನೂ ಹಿಡಿದು ಬೈಯುತ್ತಲೇ ಇದ್ದ. ಕ್ವೋಕ್ ಬಳೆಯನ್ನು ಅತ್ತ ತಿರುಗಿಸಿದ, ಇತ್ತ ತಿರುಗಿಸಿದ. ಆ ತುದಿಯಲ್ಲಿ ಓಟಕ್ಕೆ ಸಜ್ಜಾಗಿ ನಿಂತ ನಾಯಕನ ಎದೆಗೇರಿದ್ದ ಪಕ್ಕದ ಕಟ್ಟಡದ ನೆರಳು ಗಲ್ಲ ಮುಟ್ಟಿತು.