ಸಿನೋಚೌರಿನ ಕ್ಲಬ್ಬು

“ಯಾಕೋ ಸಾರ್ಕಿ, ಮುಖ ಹಿಂಡ್ತೀಯ? ನಿಮ್ಮಪ್ಪ, ನಿಮ್ಮಜ್ಜ ತಿಂದು ಬೆಳೆದಿದ್ದೇ ಇದನ್ನಲ್ವೇನೋ? ಎತ್ತು, ಎತ್ತು. ಮಂತ್ರಿಗಳು ಬರೋ ಹೊತ್ತಾಯ್ತು.”

ಕ್ಲಬ್ಬಿನ ಅಧ್ಯಕ್ಷ ತೀರ್ಥರಾಜ ಗೈರೆ ಹೀಗೆಂದದ್ದು ನಮ್ಮಪ್ಪನಿಗೆ. ಮೈದಾನದ ಗೇಟಿನ ಮುಂದೆ ಬೀದಿ ಹಸುವೊಂದು ಕಾಲು ಚಾಚಿ ಸತ್ತುಬಿದ್ದಿತ್ತು. ಹೊಟ್ಟೆ ಆಗಲೇ ಊದಿಕೊಂಡಿತ್ತು. ಅಪ್ಪ ಇಸ್ತ್ರಿ ಮಾಡಿದ ದೌರಾ ಸುರುವಾಲ್ ತೊಟ್ಟು, ತಲೆಗೆ ಹೊಸ ಢಾಕಾ ಟೋಪಿ ಇಟ್ಟು ಅದರ ಪಕ್ಕ ನಿಂತಿದ್ದ. ಅವನು ಬಂದದ್ದು ಹಸು ಎತ್ತುವುದಕ್ಕಲ್ಲ. ಕ್ಲಬ್ಬಿನ ಸುವರ್ಣ ಮಹೋತ್ಸವದ ಪಂದ್ಯದಲ್ಲಿ ಮೊದಲ ಚೆಂಡು ಒದೆಯುವುದಕ್ಕೆ.

ಹಾಗೆಂದು ಮಾತು ಕೊಟ್ಟವನೂ ಇದೇ ಗೈರೆ. “ಕ್ಲಬ್ಬು ಕಟ್ಟಿದ ಅಯಿತೆ ಸಾರ್ಕಿ ಇನ್ನೂ ಬದುಕಿದ್ದಾನೆ, ಕೇಳುವವರಿಲ್ಲ” ಎಂದು ಊರಿನ ರೇಡಿಯೋದವರು ಬಿತ್ತರಿಸಿದ ಮೇಲೆ ಮೈಕು ಹಿಡಿದು, “ಮೊದಲ ಒದೆ ಅಯಿತೆ ಅಣ್ಣನದೇ” ಎಂದು ಸಾರಿದ್ದ. ಅವತ್ತಿನಿಂದ ಅಪ್ಪ ನೋಯುವ ಮಂಡಿಗೆ ಸಾಸಿವೆ ಎಣ್ಣೆ ತಿಕ್ಕಿಕೊಂಡು, ಕಾಲುಚೀಲಕ್ಕೆ ಚಿಂದಿ ತುಂಬಿ, ಹಿತ್ತಲಲ್ಲಿ ಒದೆಯುವುದನ್ನು ಅಭ್ಯಾಸ ಮಾಡುತ್ತಿದ್ದ. ಮುದುಕನಿಗೆ ಮರುಳು ಹಿಡಿದಿದೆ ಎಂದು ಅವ್ವ ನಗುತ್ತಿದ್ದಳು.

ಈ ಬಯಲಿನ ಹಳೆಯ ಹೆಸರು ಸಿನೋಚೌರ್. ಸಿನೋ ಎಂದರೆ ಸತ್ತ ದನ, ಚೌರ್ ಎಂದರೆ ಬಯಲು. ನಮ್ಮ ಸಾರ್ಕಿ ಜಾತಿಯವರು ದನ ಸುಲಿಯುತ್ತಿದ್ದ ಜಾಗಕ್ಕೆ ಬೇರೆ ಜಾತಿಯ ನರಪಿಳ್ಳೆಯೂ ಕಾಲಿಡುತ್ತಿರಲಿಲ್ಲ. ಆಡಲು ಜಾಗ ಸಿಕ್ಕಿದ್ದೇ ಅದರಿಂದ. ಎಮ್ಮೆಯ ಚರ್ಮ ಹದಮಾಡಿ ಅಪ್ಪನೇ ಚೆಂಡು ಹೊಲಿದ. ಆಟ ರಂಗೇರಿದ ಮೇಲೆ ಮೇಲಿನ ಕೇರಿಯ ಹುಡುಗರೂ ಇಳಿದು ಬಂದರು. ಚಿನ್ನ ಅದ್ದಿದ ನೀರು ಚಿಮುಕಿಸಿದರೆ ಚೆಂಡಿನ ಮೈಲಿಗೆ ಹೋಗುತ್ತದೆ ಎಂದು ಪುರೋಹಿತರು ದಾರಿ ತೋರಿಸಿದರು. ಶಾಸ್ತ್ರಕ್ಕೇನು, ಆಟದ ಹುಚ್ಚು ಹಿಡಿದರೆ ಅದೂ ಬಗ್ಗುತ್ತದೆ.

ಒಂದು ದಿನ ಪಂಪು ಕೆಟ್ಟಿತು. ಪಕ್ಕದೂರಿನ ತಂಡ ಬಂದು ಕಾಯುತ್ತಿತ್ತು. ಅಪ್ಪ ಹಿಂದೆಮುಂದೆ ನೋಡದೆ ಬ್ಲಾಡರಿಗೆ ಬಾಯಿಟ್ಟು ಊದಿ, ದಾರ ಬಿಗಿದು, ಚೆಂಡನ್ನು ಬಯಲಿಗೆ ಎಸೆದ. ಗೈರೆಯ ಅಪ್ಪ ಆಗ ಹರೆಯದವನು. ಆ ಚೆಂಡಿಗೆ ತಲೆ ಕೊಟ್ಟು ಗೋಲು ಹೊಡೆದ. ಆಮೇಲೆ ಯಾರೋ ಅವನ ಕಿವಿ ಕಚ್ಚಿದರು.

“ಬಾಯಲ್ಲಿ ಊದಿದ್ಯೇನೋ?”

“ಪಂಪು ಕೆಟ್ಟೋಗಿತ್ತು ಹಜೂರ್.”

“ನಿನ್ನ ಎಂಜಲು ಗಾಳೀನ ನನ್ನ ತಲೆ ಮೇಲೆ ಹೊರಿಸಿದ್ಯಾ, ಸೂಳೆಮಗನೆ?”

ಚರ್ಮಕ್ಕೆ ಪರಿಹಾರವಿತ್ತು, ಉಸಿರಿಗೆ ಇರಲಿಲ್ಲ. ಅಪ್ಪನನ್ನು ಬಯಲಿನ ಅಂಚಿನ ಮರಕ್ಕೆ ಕಟ್ಟಿ ಹೊಡೆದರು. ಆ ಗೋಲನ್ನು ಮಾತ್ರ ಲೆಕ್ಕಕ್ಕೆ ಹಿಡಿದರು. ಕ್ಲಬ್ಬಿನ ಮೊದಲ ಕಪ್ ಬಂದದ್ದು ಅದರಿಂದಲೇ. ಅಲ್ಲಿಂದಾಚೆ ಚೆಂಡು ಹೊಲಿಯುವುದು, ಹುಲ್ಲು ಕೊಯ್ಯುವುದು ಅಪ್ಪನ ಪಾಲಿಗೆ ಉಳಿಯಿತು. ಗೆರೆಯ ಒಳಗೆ ನಿಂತು ಒಮ್ಮೆಯೂ ಚೆಂಡು ಒದೆಯಲಿಲ್ಲ.

ಕ್ಲಬ್ಬು ಬೆಳೆಯಿತು. ಕಾಠ್ಮಂಡುವಿನ ಲೀಗಿಗೆ ಹೋಯಿತು, ಸಿಮೆಂಟಿನ ಸಾಹುಕಾರರು ಬಂದರು, ಆಟಗಾರರಿಗೆ ಸಂಬಳವಾಯಿತು, ಸಿನೋಚೌರ್ ಹೋಗಿ ಶಾಂತಿ ಮೈದಾನವಾಯಿತು. ಚೆಂಡು ಅಂಗಡಿಯಿಂದ ಬರತೊಡಗಿತು. ನಾನು ಗೋಲ್ ಕೀಪರ್ ಆದೆ. ನನ್ನಷ್ಟು ಚೆನ್ನಾಗಿ ಹಿಡಿಯುವವರು ಅವರಿಗೆ ಸಿಕ್ಕಲಿಲ್ಲ, ಅಷ್ಟೆ. ಹಾಸ್ಟೆಲಿನಲ್ಲಿ ನನ್ನ ತಟ್ಟೆ ಇವತ್ತಿಗೂ ಬೇರೆ.

ಗೇಟಿನ ಮುಂದೆ ಅಪ್ಪ ಕೈಮುಗಿದು ಹೇಳಿದ: “ಹಜೂರ್, ನಮ್ ಕೇರಿಯೋರು ಈ ಕೆಲ್ಸ ಬಿಟ್ಟು ಎಷ್ಟೋ ವರ್ಸ ಆಯ್ತು. ನಾನು ಚೆಂಡು ಒದೆಯಕ್ ಬಂದಿವ್ನಿ.”

“ಮೊದ್ಲು ಇದನ್ನ ಎತ್ತು ಮಾರಾಯ.”

“ಎತ್ತಿದ್ರೆ ಒದೆಯಕ್ ಬಿಡ್ತೀರಾ?”

ಗೈರೆ ನಕ್ಕ. “ಸತ್ತ ದನ ಮುಟ್ಟಿ ಬಂದು ಮಂತ್ರಿಗಳ ಪಕ್ಕ ನಿಲ್ತೀಯೇನೋ? ಅವರೇ ಒದೀತಾರೆ ಬಿಡು. ನಿಂದು ಮುಂದಿನ ವರ್ಷ ನೋಡೋಣ.”

ಮುಂದಿನ ವರ್ಷವೆನ್ನುವುದು ನಮ್ಮಂಥವರ ಮೂಗಿಗೆ ಸವರುವ ತುಪ್ಪ. ಪಕ್ಕದಲ್ಲೇ ನಿಂತಿದ್ದ ನಾನು ಬಾಯಿ ಬಿಡಲಿಲ್ಲ. ಅವ್ವನ ಔಷಧಿ, ತಂಗಿಯ ಶಾಲೆ ಎಲ್ಲ ನನ್ನ ಮೈಮೇಲಿನ ಕ್ಲಬ್ಬಿನ ಅಂಗಿಯನ್ನು ನಂಬಿದ್ದವು. ಅಪ್ಪನ ಒದೆ ನೋಡಲೆಂದು ನಮ್ಮ ಕೇರಿಯ ಮೂವರು ಹಬ್ಬದ ಬಟ್ಟೆಯಲ್ಲಿ ಬಂದಿದ್ದರು.

“ಬನ್ರಲಾ,” ಎಂದು ಅಪ್ಪ ಅವರನ್ನು ಕರೆದ. “ಬಿದಿರು, ಹಗ್ಗ ತನ್ನಿ.”

ಗೈರೆ ನಿರಾಳವಾಗಿ ಒಳಗೆ ಹೋದ.

ಮಂತ್ರಿ ಬಂದರು. ನಾವು ಸಾಲಾಗಿ ನಿಂತು ರಾಷ್ಟ್ರಗೀತೆ ಹಾಡಿದೆವು. ಮೈಕಿನಲ್ಲಿ ಕ್ಲಬ್ಬಿನ ಇತಿಹಾಸ ಹೇಳಿದರು. ಕಟ್ಟಿದವರು ಗೈರೆಯ ತಂದೆಯಂತೆ, ಮೊದಲ ಕಪ್ ತಂದ ಗೋಲೂ ಅವರದಂತೆ. ಮಂತ್ರಿ ಚೆಂಡಿನ ಮುಂದೆ ಕಾಲೆತ್ತುವಷ್ಟರಲ್ಲಿ ಗೇಟು ದಡಾರನೆ ತೆರೆಯಿತು. ಹಸುವಿನ ಕಾಲುಗಳನ್ನು ಬಿದಿರಿಗೆ ಕಟ್ಟಿ ನಾಲ್ವರು ಹೊತ್ತು ತಂದರು. ಮುಂದಿನ ಹೆಗಲು ಅಪ್ಪನದು. ನಡುಮೈದಾನದಲ್ಲಿ, ಮಂತ್ರಿಯ ಎದುರಿಗೇ ಇಳಿಸಿದರು.

“ಸಿನೋಚೌರಿಗೆ ಸಿನೋ ತಂದಿವ್ನಿ ಹಜೂರ್,” ಎಂದ ಅಪ್ಪ. “ಇದ್ರ ಜಾಗ ಇದೇಯ.”

ಮಂತ್ರಿ ಮೂಗಿಗೆ ಕರವಸ್ತ್ರ ಒತ್ತಿಕೊಂಡು ಹಿಂದೆ ಸರಿದರು. ಪೊಲೀಸರು ಲಾಠಿ ಬೀಸಿ ಮೂವರನ್ನು ಅಟ್ಟಿದರು. ಅಪ್ಪನ ಹಣೆಗೂ ಬಿತ್ತು. ಅವನು ಹಸುವಿನ ಕೊರಳಿಗೆ ತೋಳು ಸುತ್ತಿ ಕುಳಿತುಬಿಟ್ಟ. ಹಾಗೆ ಕುಳಿತವನ ಹತ್ತಿರ ಯಾರೂ ಸುಳಿಯಲಿಲ್ಲ. ಹೊಡೆಯುವುದಕ್ಕೆ ಲಾಠಿ ಸಾಕು, ಎತ್ತುವುದಕ್ಕೆ ಕೈಯೇ ಬೇಕು.

ಗೈರೆ ನನ್ನ ಬಳಿ ಬಂದ. “ಹೋಗು, ನಿಮ್ಮಪ್ಪನ್ನ ನೀನೇ ಎಳ್ಕೊಂಡ್ ಹೋಗು. ಇಲ್ಲಾಂದ್ರೆ ಆ ಅಂಗಿ ಬಿಚ್ಚಿಟ್ಟು ಕತಾರಿಗೆ ಕಲ್ಲು ಹೊರೋಕೆ ನಡಿ.”

ಹೋದೆ. ಅಪ್ಪನ ಟೋಪಿ ಬಿದ್ದಿತ್ತು. ಹಣೆಯ ರಕ್ತ ಕಣ್ಣಿಗೆ ಇಳಿಯುತ್ತಿತ್ತು.

“ಏಳಪ್ಪ. ಸಾಯ್ಸಿಬಿಡ್ತಾರೆ.”

“ಒಂದೇ ಸಲ ಒದೀತಿದ್ದೆ ಕಣ್ಲಾ ಮಗ. ಒಂದೇ ಸಲ.”

“ಗೊತ್ತಪ್ಪ.”

“ನಿನ್ನೇ ಕಳ್ಸವ್ರಾ?”

ಅಪ್ಪ ಹಸುವಿನ ಕೊರಳು ಬಿಟ್ಟು ಎರಡೂ ತೋಳುಗಳನ್ನು ನನ್ನ ಕಡೆ ಚಾಚಿದ. “ಎಳಿ. ನಿನ್ ಅನ್ನ ಯಾಕ್ ಹೋಗ್ಬೇಕು.”

ಕಂಕುಳಿಗೆ ಕೈಹಾಕಿ ಎಳೆದೆ. ಅವನು ಹಗುರವಾಗಿದ್ದ. ಹಸಿರು ಹುಲ್ಲಿನ ಮೇಲೆ ಅವನ ಹಿಮ್ಮಡಿ ಉಜ್ಜಿಕೊಂಡು ಬರುತ್ತಿತ್ತು. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು, ನನ್ನ ಹೆಸರು ಹಿಡಿದು ಕೂಗಿದರು. ಅಷ್ಟು ದೊಡ್ಡ ಚಪ್ಪಾಳೆ ನನಗೆ ಯಾವ ಪಂದ್ಯದಲ್ಲೂ ಬಿದ್ದಿರಲಿಲ್ಲ. ಪೊಲೀಸು ಜೀಪಿಗೂ ಅಪ್ಪನನ್ನು ನಾನೇ ಎತ್ತಿ ಹಾಕಬೇಕಾಯಿತು. ಹಸುವನ್ನು ಹೊರಲು, ಅಟ್ಟಿದ್ದ ಆ ಮೂವರನ್ನೇ ಹಿಡಿದು ತಂದರು. ನಾಲ್ಕನೆಯ ಹೆಗಲು ನನ್ನದು.

ಮಂತ್ರಿ ಚೆಂಡು ಒದ್ದರು. ಆಟ ಶುರುವಾಯಿತು. ಎದುರು ತಂಡದವನೊಬ್ಬ ದೂರದಿಂದ ಹೊಡೆದ ಚೆಂಡು ಸೊರಗಿ ಉರುಳುತ್ತ ನನ್ನ ಕಡೆ ಬಂತು. ಎಳೆಮಗುವೂ ಹಿಡಿಯಬಹುದಾದದ್ದು. ನಾನು ಕೈಕಟ್ಟಿ ನಿಂತೆ. ಅದು ನನ್ನ ಕಾಲ ಪಕ್ಕದಿಂದಲೇ ಒಳಗೆ ಹೋಯಿತು.

“ಹಿಡಿಯೋ ಬೋಳಿಮಗನೆ,” ಎಂದು ಗೈರೆ ಗೆರೆಯ ಆಚೆಯಿಂದ ಅರಚಿದ.

ಎರಡನೆಯದು ಬಂತು. ನಾನು ಕಟ್ಟಿದ ಕೈ ಬಿಚ್ಚಲಿಲ್ಲ.